ಮೂರು ಪದರ ನೆರಳು

ಏಪ್ರಿಲ್ ೩, ಗುರುವಾರ

ಇದು ಇರಮಳ ಕಾಲೇಜಿನವರು ಕೊಟ್ಟ ಡೈರಿ. ಮೂರು ತಿಂಗಳು ಖಾಲಿ ಬಿದ್ದಿತ್ತು. ನರ್ಸಿಂಗ್ ಓದಿನ ನಡುವೆ ಮಗಳಿಗೆ ಬರೆಯುವ ಪುರಸೊತ್ತಿಲ್ಲ. ನನಗೂ ಇಲ್ಲ, ಆದರೆ ಇವತ್ತು ಕೇಳಿಬಂದದ್ದನ್ನು ಎಲ್ಲಾದರೂ ಇಳಿಸಬೇಕು. ಮನೆಯಲ್ಲಿ ನಾವು ಆಡುವುದು ದಖನಿ ಉರ್ದು. ಬರೆಯುವುದು ಮಾತ್ರ ನನಗೆ ಕನ್ನಡದಲ್ಲೇ ಸಲೀಸು. ಕಮಠಾಣದ ಸಾಲೆಯಲ್ಲಿ ಕಲಿತದ್ದು ಅದೇ. ಮನೆಯವರ ಮಾತನ್ನೂ ಕನ್ನಡಕ್ಕೆ ತಂದೇ ಬರೆಯುತ್ತೇನೆ.

ಭಾಲ್ಕಿಗೆ ಹೋಗಿದ್ದೆ. ಮಲ್ಲಿಕಾರ್ಜುನಪ್ಪ ಸರ್ ಮೂರು ಸಲ ಫೋನು ಮಾಡಿಸಿದ್ದರು. ನನಗೆ ತಾಪಮಾಪಕ ಓದಲು ಕಲಿಸಿದವರು ಅವರು. ನೌಬಾದದ ಆಚೆ ನಮ್ಮ ಕೃಷಿ ಸಂಶೋಧನಾ ಕೇಂದ್ರದಲ್ಲಿ ಹವಾಮಾನ ಅಳೆಯುವ ಅಂಗಳವಿದೆ. ಅವರು ಅದರ ಮುಖ್ಯಸ್ಥರಾಗಿದ್ದಾಗ ನಾನು ವೀಕ್ಷಕಿಯಾಗಿ ಸೇರಿದೆ. ಈಗ ಅವರು ನಿವೃತ್ತರಾಗಿ ಹನ್ನೆರಡು ವರ್ಷ. ಸಕ್ಕರೆ ಕಾಯಿಲೆ ಎರಡೂ ಕಣ್ಣು ತಿಂದಿದೆ. ಹೋದ ವರ್ಷ ಹೆಂಡತಿಯೂ ತೀರಿಕೊಂಡರು.

ಯಾರೋ ಮುದ್ರಿಸಿ ತಂದುಕೊಟ್ಟ ಇಂಗ್ಲಿಷ್ ಪ್ರಬಂಧವೊಂದನ್ನು ಓದಿಸಿದರು. ಪಕ್ಕಪಕ್ಕದ ಎರಡು ದೇಶಗಳು ಒಬ್ಬರ ಮೇಲೊಬ್ಬರು ಅಣುಬಾಂಬು ಹಾಕಿಕೊಂಡರೆ ಆಮೇಲೆ ಆಕಾಶಕ್ಕೆ ಏನಾಗುತ್ತದೆ ಎಂಬ ಲೆಕ್ಕ. ಬೆಂಕಿ ಬಿದ್ದ ಊರುಗಳ ಮಸಿ ಮೋಡಕ್ಕಿಂತ ಮೇಲೆ ಹೋಗಿ ಕೂರುತ್ತದೆ. ಅಲ್ಲಿ ಮಳೆ ಇಲ್ಲ, ತೊಳೆದು ಇಳಿಸುವವರಿಲ್ಲ. ವರ್ಷಗಟ್ಟಲೆ ಇಡೀ ಭೂಮಿಗೆ ಪರದೆ ಕಟ್ಟಿದಂತೆ. ಬಿಸಿಲು ಐದರಲ್ಲಿ ಒಂದು ಪಾಲು, ಕೆಟ್ಟ ಲೆಕ್ಕದಲ್ಲಿ ಮೂರರಲ್ಲಿ ಒಂದು ಪಾಲು ಕಡಿಮೆ. ತಂಪು ಹೆಚ್ಚಿ, ಮಳೆ ತಗ್ಗಿ, ಪೈರು ಮಾಗಲು ದಿನಗಳು ಸಾಲದೆ ಹೋಗುತ್ತವೆ. ಬಾಂಬಿಗೆ ಸತ್ತವರಿಗಿಂತ ಹಸಿದು ಸಾಯುವವರು ಹೆಚ್ಚು. ಬಾಂಬು ಎಂದರೆ ನಾನು ಇಷ್ಟು ದಿನ ಬೆಂಕಿ ಎಂದುಕೊಂಡಿದ್ದೆ. ಅದೂ ಒಂದು ಹವಾಮಾನ ಎಂದು ಐವತ್ತರ ಹತ್ತಿರ ಬಂದ ಮೇಲೆ ತಿಳಿಯಿತು.

"ಇವ್ರು ಇಡೀ ಭೂಮಿದು ಬರ್ದಾರ, ಕುಬರಾ," ಎಂದರು ಸರ್. "ನಮ್ಮ ಜಿಲ್ಲಾದ್ದು ಯಾರ ಬರ್ದಾರ? ಬಿಸಲು ಕಮ್ಮಿ ಆದ್ರ ಬೀದರ ಮಣ್ಣಾಗ ಏನ್ ಬೆಳಿತದ, ನನಗ ಗೊತ್ತಾಗಬೇಕು."

ಯಾಕ್ರಿ ಸರ್ ಎಂದು ಕೇಳಿದೆ. ಬೇಕು ಎಂದಷ್ಟೇ ಹೇಳಿದರು.

ಕೇಂದ್ರದ ಹೊಲದಲ್ಲಿ ಅಪ್ಪಣೆಯಿಲ್ಲದೆ ಏನೂ ಬಿತ್ತುವಂತಿಲ್ಲ. ನಮ್ಮ ಮಾಳಿಗೆಯ ಮೇಲೆ ಕುಂಡಗಳಲ್ಲಿ ಮಾಡುತ್ತೇನೆ ಎಂದು ಒಪ್ಪಿಕೊಂಡು ಬಂದೆ. ಮಧ್ಯಾಹ್ನ ೪೦.೪ ಡಿಗ್ರಿ.

ಏಪ್ರಿಲ್ ೬, ರವಿವಾರ

ಔರಾದಕ್ಕೆ ಹೋಗಿ ಬೀಜ ತಂದೆ. ಅನುಸೂಯಾಬಾಯಿಯವರು ಅಲ್ಲಿ ಎರಡು ಎಕರೆಯಲ್ಲಿ ಹಳೆಯ ತಳಿಗಳನ್ನು ಬೆಳೆಯುತ್ತಾರೆ. ಬೂದಿ ಬೆರೆಸಿಟ್ಟ ಗಡಿಗೆಯಿಂದ ಎರಡು ಹಿಡಿ ಬರಗು ತೆಗೆದುಕೊಟ್ಟರು. ಸಣ್ಣ ಕಾಳು, ಹೊಳಪು. ಎಲ್ಲ ಧಾನ್ಯಕ್ಕಿಂತ ಬೇಗ, ಅರವತ್ತೈದು ದಿನಕ್ಕೆ ಬರುತ್ತದಂತೆ. ಅವಸರದ ಬೆಳೆ ಎಂದು ಆರಿಸಿದೆ. ಇದರ ಜೊತೆ ಬೇಸಿಗೆಯಲ್ಲಿ ಬೆಳೆಯುವ ಹೆಸರುಕಾಳು.

ಯಾತಕ್ಕೆ ಎಂದು ಕೇಳಿದರು. ಬಿಸಿಲು ಕಡಿಮೆಯಾದರೆ ಹೇಗೆ ಬರುತ್ತದೆಂದು ನೋಡಲು ಎಂದೆ. ಅವರು ಸೆರಗಿನಿಂದ ಕುತ್ತಿಗೆ ಒರೆಸಿಕೊಂಡು ನಕ್ಕರು.

"ಔರಾದದಾಗ ಬಿಸಲು ಕಮ್ಮಿ ಆಗ್ತದೇನ್ರಿ? ಆಗ್ಲಿ ಬಿಡ್ರಿ, ಪುಣ್ಯ ಬರ್ತದ."

ಏಪ್ರಿಲ್ ೮, ಮಂಗಳವಾರ

ಇಪ್ಪತ್ತು ಕುಂಡ. ಹತ್ತರಲ್ಲಿ ಹೆಸರು, ಹತ್ತರಲ್ಲಿ ಬರಗು. ಅರ್ಧ ಬಯಲಿನಲ್ಲಿ, ಅರ್ಧ ಶೇಡ್‌ನೆಟ್‌ನ ಕೆಳಗೆ. ನರ್ಸರಿಗಳಲ್ಲಿ ಸಸಿಗಳ ಮೇಲೆ ಕಟ್ಟುತ್ತಾರಲ್ಲ, ಅದೇ ಹಸಿರು ನೆಟ್ಟು. ಇವರು ಬಿದಿರು ನಿಲ್ಲಿಸಿ ಕಟ್ಟಿಕೊಟ್ಟರು. ನನ್ನ ಗಂಡ ಖಾಜಾ ಮಿಯಾ ಮೋಟಾರು ವೈಂಡಿಂಗ್ ಮಾಡುವವರು. ತಂತಿ ಬಿಗಿಯುವುದರಲ್ಲಿ ಅವರ ಕೈ ಪಕ್ಕಾ. ಗಂಟು ಕಟ್ಟಲು ಕೊಕ್ಕೆಗಳಿದ್ದ ಕಡೆಯೇ ನೆಟ್ಟು ಕಟ್ಟಿದೆವು. ಅದು ಅಮ್ಮಿಜಾನರ ಕೋಣೆಯ ನೇರ ಮೇಲೆ ಬಂತು.

ಅಮ್ಮಿಜಾನ ನನ್ನ ಅತ್ತೆ, ಮುನವ್ವರ ಬೇಗಂ. ಎಪ್ಪತ್ತೆಂಟು. ಸೊಂಟ ಬಿದ್ದು ಎರಡು ವರ್ಷದಿಂದ ಹಾಸಿಗೆಯಿಂದ ಬಚ್ಚಲಿಗೆ, ಬಚ್ಚಲಿನಿಂದ ಹಾಸಿಗೆಗೆ. ಬೀದರಿನ ಚಿದ್ರಿಯ ಈ ಮನೆಗೆ ಒಂದೇ ಸ್ಲ್ಯಾಬು. ಹತ್ತು ಗಂಟೆಗೆ ಕಾದರೆ ಸಂಜೆಯಾದರೂ ಆರುವುದಿಲ್ಲ. ಈ ವರ್ಷ ರಮಜಾನಿನಲ್ಲೇ ಅವರ ಮೈಮೇಲೆ ಬೆವರುಗುಳ್ಳೆ ಎದ್ದವು. ಒದ್ದೆ ಬಟ್ಟೆ ಹೊದೆಸಿದರೆ ಅರ್ಧ ಗಂಟೆಯಲ್ಲಿ ಗರಿಗರಿ ಒಣಗುತ್ತದೆ. ದೇವರೇ, ನನ್ನನ್ನು ಮಾಗಿಯಲ್ಲಿ ಕರೆದುಕೊ ಎನ್ನುತ್ತಾರೆ.

ಅವರ ಕೋಣೆಯಲ್ಲೂ ಒಂದು ತಾಪಮಾಪಕ ತೂಗುಹಾಕಿದೆ. ನಿನ್ನೆ ಎರಡು ಗಂಟೆಗೆ ೩೮.೪. ಇವತ್ತು ೩೬.೧. ಹೊರಗಿನ ಬಿಸಿಲು ಎರಡೂ ದಿನ ಒಂದೇ.

ಏಪ್ರಿಲ್ ೧೫, ಮಂಗಳವಾರ

ಎಲ್ಲ ಕುಂಡಗಳಲ್ಲೂ ಮೊಳಕೆ. ಅಮ್ಮಿಜಾನ ತಿಂಗಳ ಮೇಲೆ ಮಧ್ಯಾಹ್ನ ನಿದ್ದೆ ಮಾಡಿದರು. ಬಾಯಿ ತೆರೆದು, ಮಗುವಿನಂತೆ. ಎದ್ದು, ಕೂಲರ್ ಯಾರು ತಂದರು ಎಂದು ಕೇಳಿದರು. ನಿಮ್ಮ ಮಗ ಸೂರ್ಯನಿಗೆ ಬುರ್ಖಾ ಹಾಕಿದ್ದಾರೆ ಎಂದೆ. ಬಹಳ ಹೊತ್ತು ನಕ್ಕರು.

ಬಾಗಿಲಲ್ಲಿ ನಿಂತು ನೋಡುತ್ತಿದ್ದೆ. ಎಷ್ಟು ಸುಲಭ ಅನಿಸಿತು.

ಸಂಜೆ ಎರಡನೇ ಪದರ ಕಟ್ಟಿಸಿದೆ. ಒಂದು ಪದರ ಐದನೇ ಒಂದು ಪಾಲನ್ನಷ್ಟೇ ತಡೆಯುತ್ತದೆ. ಪ್ರಬಂಧದಲ್ಲಿ ಇದಕ್ಕಿಂತ ಕೆಟ್ಟ ಲೆಕ್ಕವಿದೆ. ಪ್ರಯೋಗ ಎಂದ ಮೇಲೆ ಕೆಟ್ಟದ್ದನ್ನೂ ನೋಡಬೇಕು.

ಏಪ್ರಿಲ್ ೨೩, ಬುಧವಾರ

ನಿನ್ನೆ ಕಾಶ್ಮೀರದಲ್ಲಿ ಪ್ರವಾಸಕ್ಕೆ ಹೋದವರನ್ನು ಕೊಂದರು. ಬೆಳಿಗ್ಗೆಯಿಂದ ಟಿವಿಯಲ್ಲಿ ಅದೇ. ಒಬ್ಬ ಹೆಣ್ಣುಮಗಳು ಗಂಡನ ಹೆಣದ ಪಕ್ಕ ಕೂತ ಚಿತ್ರ. ಇವರು ಊಟ ಬಿಟ್ಟು ಎದ್ದರು.

ಸಂಶೋಧನಾ ಕೇಂದ್ರದಲ್ಲಿ ನಾನು ಒಳಗೆ ಹೋದಾಗ ಮಾತು ನಿಂತಿತು. ಹಾಗೆ ನನಗೆ ಅನಿಸಿರಲೂಬಹುದು. ಇರಮಳೂ ಕಾಲೇಜಿನಿಂದ ಬೇಗ ಬಂದು ಮಲಗಿದಳು. ಏನಾಯಿತು ಎಂದರೆ ಏನಿಲ್ಲ ಎಂದಳು.

ಸಾಯಂಕಾಲ ಸರ್ ಫೋನು ಮಾಡಿದರು. ಸುದ್ದಿಯ ಬಗ್ಗೆ ಒಂದು ಮಾತೂ ಇಲ್ಲ. ಕುಂಡ ಹ್ಯಾಂಗವ ಎಂದು ಕೇಳಿದರು. ನೆಟ್ಟಿನ ಕೆಳಗಿನ ಹೆಸರಿನ ಗಿಡ ಬಯಲಿನವಕ್ಕಿಂತ ಉದ್ದ ಬೆಳೆದಿದೆ ಎಂದೆ. ಉದ್ದ ಆಗೋದು ಹಸಿವಿಗಿ, ಎಂದರು.

ಏಪ್ರಿಲ್ ೨೮, ಸೋಮವಾರ

೪೩.೧. ಏಪ್ರಿಲಿನಲ್ಲಿ ನನ್ನ ಕೈಬರಹದಲ್ಲಿ ಇಷ್ಟು ದೊಡ್ಡ ಅಂಕಿ ಬಂದದ್ದು ನೆನಪಿಲ್ಲ. ನೌಬಾದ ಚೌಕದಲ್ಲಿ ಹಣ್ಣು ಮಾರುವವರೊಬ್ಬರು ತಳ್ಳುಗಾಡಿಯ ನೆರಳಲ್ಲೇ ಕುಸಿದು ಹೋದರು. ಎತ್ತಿಕೊಂಡು ಓಡುವಷ್ಟರಲ್ಲಿ ಮುಗಿದಿತ್ತಂತೆ. ನಾನು ದಿನಾ ಹಾಯುವ ಜಾಗ.

ಮನೆಗೆ ಬಂದವಳೇ ಕೋಣೆಗೆ ಓಡಿದೆ. ಕೋಣೆ ೩೪.೦. ಅಮ್ಮಿಜಾನರ ಹಣೆ ತಣ್ಣಗಿತ್ತು. ಮಂಚದ ಮೇಲೆ ತಲೆಯಿಟ್ಟು ಸ್ವಲ್ಪ ಅತ್ತೆ. ಅವರು ನನ್ನ ತಲೆ ಸವರಿದರು.

ಮೂರನೇ ಪದರ ಕಟ್ಟಿಸಿದೆ. ಉಳಿದ ತುಂಡನ್ನು ಕಿಟಕಿಗೆ ಇಳಿಬಿಟ್ಟೆ. ಎದುರುಮನೆ ಗೋಡೆಯಿಂದ ಝಳ ಬರುತ್ತದೆ.

ಮೇ ೨, ಶುಕ್ರವಾರ

ಕೋಣೆ ೩೩.೨. ನೆಟ್ಟಿನ ಕೆಳಗಿನ ಹೆಸರಿನಲ್ಲಿ ಹೂವಿಲ್ಲ. ಕಾಂಡ ಬಿಳುಚಿ ದಾರದಂತಾಗಿದೆ. ಎಲ್ಲವೂ ಒಂದೇ ಕಡೆ, ನೆಟ್ಟು ಹರಿದ ಮೂಲೆಯ ಕಡೆ, ಒರಗಿಕೊಂಡಿವೆ. ಬಯಲಿನವು ಹೂಬಿಟ್ಟು ನಾಲ್ಕು ದಿನ.

ಹನ್ನೊಂದು ಗಂಟೆಗೆ ಅಮ್ಮಿಜಾನ ಮಗರಿಬ್, ಸಂಜೆಯ ನಮಾಜಿನ ಹೊತ್ತು, ಆಯಿತೇ ಎಂದು ಕೇಳಿದರು. ಇನ್ನೂ ಬೆಳಿಗ್ಗೆ ಎಂದೆ. ಮತ್ತೆ ಕತ್ತಲಿದೆಯಲ್ಲ ಎಂದರು.

ನೆಟ್ಟು ಹರಿದ ಮೂಲೆಯನ್ನು ಹೊಲಿದೆ.

ಮೇ ೭, ಬುಧವಾರ

ನಸುಕಿನಲ್ಲಿ ನಮ್ಮ ಸೇನೆ ಗಡಿಯಾಚೆ ಹೊಡೆಯಿತೆಂದು ಇವರು ಎಬ್ಬಿಸಿ ಹೇಳಿದರು. ಪಕ್ಕದ ಮನೆಯ ಜಾಹೇದಾ ಬಂದು ಬಾಗಿಲಲ್ಲೇ ನಿಂತಳು. ಅವಳ ಮಕ್ಕಳು ಚಿಕ್ಕವು. ನಮ್ಮೂರಲ್ಲಿ ವಾಯುಪಡೆಯ ವಿಮಾನಗಳಿವೆ, ಮೊದಲು ಇಲ್ಲಿಗೇ ಬರುತ್ತಾರಾ ಎಂದು ಕೇಳಿದಳು. ಹವಾಮಾನದವಳು ನಾನು, ನನಗೇನು ಗೊತ್ತು?

ಮೂವತ್ತು ವರ್ಷದಿಂದ ಬೆಳಗಿನ ಅಳತೆ ಬರೆಯುವಾಗ ತಲೆಯ ಮೇಲೆ ತರಬೇತಿ ವಿಮಾನಗಳ ಸದ್ದು ಇದ್ದೇ ಇರುತ್ತಿತ್ತು. ಇವತ್ತು ಕೇಳಿಸಲಿಲ್ಲ. ಅಷ್ಟು ದಿನ ಸದ್ದು ಇತ್ತು ಎಂಬುದು ಅದು ನಿಂತ ಮೇಲೆ ಗೊತ್ತಾಯಿತು. ಅಂಗಳದಲ್ಲಿ ಗಾಳಿಯ ದಿಕ್ಕು ತೋರಿಸುವ ಬಾಣ ಕಿರ್ ಎಂದು ತಿರುಗಿದ್ದು ಕೂಡ ಕೇಳಿತು. ನೆಲದ ಹಕ್ಕಿಗಳೂ ಆಕಾಶ ನೋಡಿದವು. ಅಥವಾ ಆಕಾಶ ನೋಡಿದವಳು ನಾನೇ.

ಕೋಣೆ ೩೩.೬.

ಮೇ ೯, ಶುಕ್ರವಾರ

ದೀಪ ಆರಿಸಬೇಕೆಂದು ಯಾರೋ ಮೊಬೈಲಿಗೆ ಸಂದೇಶ ಕಳಿಸಿದರು. ಯಾರ ಹುಕುಂ ಎಂದು ಯಾರಿಗೂ ಗೊತ್ತಿಲ್ಲ. ಆದರೂ ಏಳೂವರೆಗೆ ನಮ್ಮ ಓಣಿ ಮನೆಮನೆಯಾಗಿ ಆರುತ್ತ ಬಂತು. ಜಾಹೇದಾಳ ಕೂಸು ಅತ್ತು, ಅವಳು ಬಾಯಿ ಮುಚ್ಚಿರಬೇಕು, ಸದ್ದು ಅರ್ಧಕ್ಕೇ ನಿಂತಿತು. ಇವರು ಬಾಗಿಲ ಹಿಂದೆ ನಿಂತಿದ್ದರು. ಇರಮ ನನ್ನ ಕೈ ಹಿಡಿದಿದ್ದಳು.

ಅಮ್ಮಿಜಾನರ ಕೋಣೆಗೆ ಹೋದೆ. ಅಲ್ಲಿ ಏನೂ ಬದಲಾಗಿರಲಿಲ್ಲ. ಅವರು ಎಂದಿನಂತೆ ತಸಬಿಯ ಮಣಿ ಎಣಿಸುತ್ತಿದ್ದರು. ಇಡೀ ಓಣಿ ನಮ್ಮ ಕೋಣೆಯ ಹಾಗಾಯಿತು, ಅಷ್ಟೆ.

ಇಲ್ಲಿ ಒಂದು ಮಾತು ಬರೆಯುತ್ತೇನೆ. ನನಗೆ ಭಯವಾಗಲಿಲ್ಲ. ಕತ್ತಲಲ್ಲಿ ನಿಂತಾಗ ಮನಸ್ಸಿಗೆ ಬಂದ ಮೊದಲ ಮಾತು ತಂಪು. ಪ್ರಬಂಧದ ಲೆಕ್ಕದಲ್ಲಿ ಮೊದಲ ವರ್ಷ ಎರಡು ಡಿಗ್ರಿ ಇಳಿಕೆ, ಮುಂದಿನ ವರ್ಷ ಮೂರು. ಮೇ ತಿಂಗಳಲ್ಲಿ ಮೂವತ್ತೆಂಟರ ಮೇಲೆ ಏರದು. ನೌಬಾದ ಚೌಕದಲ್ಲಿ ಯಾರೂ ಕುಸಿಯರು. ಇದನ್ನು ಲೆಕ್ಕದಂತೆ ಬರೆಯುತ್ತಿದ್ದೇನೆ, ಅಷ್ಟೆ.

ಮೇ ೧೧, ರವಿವಾರ

ಎರಡೂ ಕಡೆಯವರು ನಿಲ್ಲಿಸಿದರಂತೆ. ನಿನ್ನೆ ಸಂಜೆಯಿಂದಲೇ ಸುದ್ದಿ. ಜಾಹೇದಾ ಖೀರು ಮಾಡಿ ಹಂಚಿದಳು. ಇವರು ಮೂರು ದಿನದ ಮೇಲೆ ಗಡ್ಡ ತಿದ್ದಿಕೊಂಡರು. ಎಲ್ಲರ ಮುಖ ಬೇರೆಯಾಗಿದೆ.

ಬರುತ್ತೇನೆಂದ ನೆಂಟರ ಬಸ್ಸು ಬಾರದ ದಿನದ ಹಾಗೆ ನನಗೆ ಯಾಕೋ ಕೆಲಸದಲ್ಲಿ ಕೈ ಓಡಲಿಲ್ಲ. ಬಿಸಿಲಿಗೆ ಇರಬೇಕು. ೪೧.೮.

ಮನೆ ತಣ್ಣಗಿದೆ ಎಂದು ಜಾಹೇದಾ ಮೆಚ್ಚಿದಳು. ಐದು ನಿಮಿಷ ಕೂತು, ಯಾಕೋ ಎದೆ ಭಾರವಾಗುತ್ತದೆ ಎಂದು ಎದ್ದು ಹೋದಳು.

ಇರಮ ನೆಟ್ಟು ತೆಗೆಯೋಣ ಎಂದಳು. ಇನ್ನೂ ಮೂವತ್ತು ದಿನ ಬೇಕು.

ಮೇ ೨೧, ಬುಧವಾರ

ಬೇಸಿಗೆಯ ನಡುವೆ ಮೂರು ದಿನದಿಂದ ಸೂರ್ಯ ಇಲ್ಲ. ನಮ್ಮ ಅಂಗಳದಲ್ಲಿ ಒಂದು ಗಾಜಿನ ಗುಂಡು ಇದೆ. ಅದು ಬಿಸಿಲನ್ನು ಕೂಡಿಸಿ ಹಿಂದಿನ ಕಾಗದದ ಪಟ್ಟಿಯ ಮೇಲೆ ಸುಟ್ಟ ಗೆರೆ ಎಳೆಯುತ್ತದೆ. ಗೆರೆಯ ಉದ್ದವೇ ಆ ದಿನದ ಬಿಸಿಲಿನ ಹೊತ್ತು. ಸಂಜೆ ಪಟ್ಟಿ ತೆಗೆದರೆ ನೀಲಿ ಕಾಗದ ಹೊಸದರಂತೆ ಇದೆ. ನಿನ್ನೆಯದೂ ಹಾಗೆ, ಮೊನ್ನೆಯದೂ ಹಾಗೆ. ಹಳೆಯ ರಿಜಿಸ್ಟರು ತೆರೆದು ನೋಡಿದೆ. ಮೇ ಮೂರನೇ ವಾರದಲ್ಲಿ ಸಾಲಾಗಿ ಮೂರು ಖಾಲಿ ಪಟ್ಟಿ ನಾನು ಸೇರಿದಂದಿನಿಂದ ಇಲ್ಲ.

ಅರಬ್ಬಿ ಸಮುದ್ರದಲ್ಲಿ ವಾಯುಭಾರ ಕುಸಿತ, ಮುಂಗಾರು ಬೇಗ ಬರುತ್ತದೆ. ಗೊತ್ತಿದೆ. ಸಮುದ್ರ ಕಾದರೆ ಮೋಡದ ಲೆಕ್ಕವೂ ಕೆಡುತ್ತದೆ. ಎಲ್ಲ ಗೊತ್ತಿದ್ದೂ ಬಿಳಿ ಕರವಸ್ತ್ರದಿಂದ ಗುಂಡನ್ನು ಒರೆಸಿ, ಮಸಿ ಹತ್ತಿದೆಯೇ ಎಂದು ನೋಡಿದೆ. ಹತ್ತಿರಲಿಲ್ಲ. ಇನ್ನೊಂದು ಸಲ ಒರೆಸಿದೆ.

ಕೋಣೆ ೨೭.೪.

ಮೇ ೨೪, ಶನಿವಾರ

ಮಳೆ. ನೆಟ್ಟು ನೆನೆದು ಕೆಳಗೆ ಜೋತಿದೆ. ಕೋಣೆ ೨೬.೧.

ಇರಮ ಜಗಳ ತೆಗೆದಳು. ಅಮ್ಮಿಜಾನರನ್ನು, ತನ್ನ ಅಜ್ಜಿಯನ್ನು, ಅವಳು ದಾದಿ ಎನ್ನುತ್ತಾಳೆ. ಅವಳ ಮಾತು ಇದು:

"ಅಮ್ಮಿ, ದಾದಿಗಿ ಹಗಲು ರಾತ್ರಿ ತಿಳಿವಲ್ದು. ನಡುಹಗಲಿ ರಾತ್ರಿ ನಮಾಜು ಓದ್ತಾಳ. ಊಟ ಕೇಳಿದ್ರ ಎಲ್ಲರೂ ಮಲಗ್ಯಾರ, ಬ್ಯಾಡ ಅಂತಾಳ. ನೀ ದಿನಾ ಗೋಡಿಗಿ ಇರೋ ಡಿಗ್ರಿ ನೋಡ್ತಿ. ದಾದಿ ಮಾರಿ ನೋಡಿದ್ದು ಯಾವಾಗ?"

ತಾಪ ಬಹಳ ಅನುಕೂಲವಾಗಿದೆ, ಬೆವರುಗುಳ್ಳೆ ಒಂದೂ ಉಳಿದಿಲ್ಲ ಎಂದೆ. ಅವಳು ನನ್ನನ್ನೇ ನೋಡುತ್ತ ನಿಂತಳು. ವಾರ್ಡಿನಲ್ಲಿ ರೋಗಿಗಳನ್ನು ಹಾಗೆ ನೋಡಲು ಕಲಿಸುತ್ತಾರೇನೋ.

ಮೇ ೨೬, ಸೋಮವಾರ

ಪಟ್ಟಿ ಖಾಲಿ. ಕೋಣೆ ೨೫.೮. ನೆಟ್ಟಿನ ಕೆಳಗಿನ ಹೆಸರು: ಎರಡು ಹೂ.

ಮೇ ೨೯, ಗುರುವಾರ

ಇವತ್ತು ಬಿಸಿಲು ಬಂತು. ಎರಡು ಗಂಟೆಯ ಅಳತೆ ಮುಗಿಸಿ ಮನೆಗೆ ಬಂದಾಗ ಎರಡೂ ನಲವತ್ತು. ಇವರು ಅಂಗಡಿಯಲ್ಲಿ, ಇರಮ ಕಾಲೇಜಿನಲ್ಲಿ. ಕೋಣೆಗೆ ಹೋಗಿ ಅಭ್ಯಾಸದಂತೆ ಗೋಡೆ ನೋಡಿದೆ, ೨೯.೦. ಬರೆದುಕೊಂಡೆ. ತಿರುಗಿದಾಗ ಮಂಚ ಖಾಲಿ.

ಬಚ್ಚಲಲ್ಲಿ ಇಲ್ಲ. ಅಡುಗೆಮನೆಯಲ್ಲಿ ಇಲ್ಲ. ಬಾಗಿಲಿಗೆ ಹೊರಗಿನಿಂದ ಬೀಗ ಹಾಕಿದ ಹಾಗೇ ಇತ್ತು, ನಾನೇ ಕೀಲಿಯಿಂದ ತೆರೆದು ಬಂದಿದ್ದೆ. ಕರೆದೆ. ಉತ್ತರವಿಲ್ಲ. ಆಗ ಮೆಟ್ಟಿಲ ಮೇಲೆ ಒಂದು ಚಪ್ಪಲಿ ಕಂಡಿತು.

ಹದಿನಾರು ಮೆಟ್ಟಿಲು. ಎರಡು ವರ್ಷದಿಂದ ಹೊಸಿಲು ದಾಟದವರು. ಕೂತು ಕೂತು, ಕೈಯೂರಿ ಏರಿರಬೇಕು. ಮೆಟ್ಟಿಲ ಧೂಳಿನಲ್ಲಿ ಅಂಗೈ ಗುರುತು ಮೇಲಿನವರೆಗೂ ಇತ್ತು.

ನೆಟ್ಟಿನ ಒಳಗೆ ಕುಂಡಗಳ ನಡುವೆ ಕೂತಿದ್ದರು. ಆ ಹಸಿರು ನಸುಗತ್ತಲಲ್ಲಿ ಮೊದಲು ನನಗೆ ಅವರ ಬಿಳಿ ಸೀರೆಯೇ ಕಂಡಿತು, ಆಮೇಲೆ ಮುಖ. ಮುಖಕ್ಕೆ ಹೆಸರಿನ ಕಾಂಡದ ಬಣ್ಣ. ನಾನು ಹೊಲಿದಿದ್ದ ಮೂಲೆಯನ್ನು ಬೆರಳಿನಿಂದ ಕಿತ್ತು, ಆ ಸಂದಿಯಿಂದ ಮೊಣಕೈವರೆಗೆ ಕೈ ಹೊರಗೆ ಚಾಚಿದ್ದರು. ಹೊರಗಿನ ಕೈ ಬಿಸಿಲಲ್ಲಿ ಎಷ್ಟು ಹೊಳೆಯುತ್ತಿತ್ತೆಂದರೆ ಅದು ಬೇರೆ ಯಾರದೋ ಕೈ ಎಂದು ಒಂದು ಗಳಿಗೆ ಬೆಚ್ಚಿದೆ.

"ಕುಬರಾ," ಎಂದರು, ಗುಟ್ಟು ಹೇಳುವವರಂತೆ. "ಇಲ್ಲಿ ಇನ್ನಾ ಹಗಲದ."

ಎತ್ತಿಕೊಂಡು ಇಳಿಯಲು ನನ್ನೊಬ್ಬಳಿಂದ ಆಗಲಿಲ್ಲ. ಇವರು ಬರುವವರೆಗೆ ಅವರ ಪಕ್ಕ ಕೂತೆ. ಕೈ ಒಳಗೆ ತಂದುಕೊಳ್ಳಲು ಅವರು ಒಪ್ಪಲಿಲ್ಲ.

ಮೇ ೩೦, ಶುಕ್ರವಾರ

ಇವರು ಅಮ್ಮಿಜಾನರ ಮಂಚವನ್ನು ಮುಂದಿನ ಕೋಣೆಗೆ ಹಾಕಿದರು. ಕಿಟಕಿಯ ನೆಟ್ಟು ಕಿತ್ತರು. ಮೇಲಿನ ನೆಟ್ಟು ಮುಟ್ಟಬೇಡಿ, ಹನ್ನೆರಡು ದಿನ ಬಾಕಿ ಎಂದೆ. ಮುಟ್ಟಲಿಲ್ಲ.

ಮೂಲೆ ಮತ್ತೆ ಹೊಲಿದೆ.

ಜೂನ್ ೩, ಮಂಗಳವಾರ

ಬಿಸಿಲು ಮತ್ತೆ ಏರಿದೆ, ೩೭.೯. ಹಿಂದಿನ ಕೋಣೆ ಖಾಲಿ ಇದೆಯಲ್ಲ ಎಂದು ಮಧ್ಯಾಹ್ನ ನಾನು ಅಲ್ಲಿ ಮಲಗುತ್ತಿದ್ದೇನೆ. ಬಹಳ ಹಿತ. ಕಣ್ಣು ತೆರೆದರೂ ಮುಚ್ಚಿದರೂ ಒಂದೇ. ಮುಂದಿನ ಕೋಣೆಯಿಂದ ಅಮ್ಮಿಜಾನ ಸೆಕೆ, ನೀರು ಎಂದು ಕರೆಯುವುದು ದೂರದಿಂದ ಕೇಳುತ್ತದೆ. ಇರಮ ಇದ್ದಾಳೆ, ಕೊಡುತ್ತಾಳೆ.

ಇವತ್ತು ಎದ್ದಾಗ ಹೊತ್ತು ಎಷ್ಟಾಯಿತೆಂದು ತಿಳಿಯಲಿಲ್ಲ. ನಾಳೆ ಗಡಿಯಾರ ತಂದಿಟ್ಟುಕೊಳ್ಳಬೇಕು.

ಜೂನ್ ೧೧, ಬುಧವಾರ

ಕೊಯ್ಲು. ಐದೈದು ಕುಂಡಗಳ ಒಟ್ಟು.

ಹೆಸರು, ಬಯಲು: ೧೯೦ ಗ್ರಾಂ. ನೆಟ್ಟಿನ ಕೆಳಗೆ: ೯.

ಬರಗು, ಬಯಲು: ೧೪೦. ನೆಟ್ಟಿನ ಕೆಳಗೆ: ೧೬.

ಮಣ್ಣು, ನೀರು, ಗೊಬ್ಬರ ಎಲ್ಲ ಒಂದೇ. ನೆಟ್ಟಿನ ಕೆಳಗಿನ ಹೆಸರುಕಾಯಿಗಳು ನೋಡಲು ತುಂಬಿದಂತಿವೆ. ಹಿಸುಕಿದರೆ ಗಾಳಿ. ಮೂರು ಪದರದಲ್ಲಿ ಬಿಸಿಲು ಅರ್ಧಕ್ಕರ್ಧ ಹೋಗಿತ್ತು. ಪ್ರಬಂಧದ ಕೆಟ್ಟ ಲೆಕ್ಕಕ್ಕಿಂತ ಹೆಚ್ಚು. ಮೂರನೆಯದು ಪ್ರಯೋಗಕ್ಕೆ ಬೇಕಾಗಿಯೇ ಇರಲಿಲ್ಲ. ಇದು ಇವತ್ತು, ವರದಿ ಬರೆಯಲು ಕೂತಾಗ, ಹೊಳೆಯಿತು.

ಜೂನ್ ೧೩, ಶುಕ್ರವಾರ

ಭಾಲ್ಕಿ. ಸರ್ ಜಗಲಿಯಲ್ಲಿ ಕೂತಿದ್ದರು. ಕೊಯ್ಲಿನ ಪಟ್ಟಿ ಓದಿದೆ. ಅವರು ಅಂಕಿಗಳನ್ನು ಕೇಳಿ, ಕಾಯಿ ತಂದೀಯೇನು ಎಂದು ಕೈ ಚಾಚಿದರು. ಎರಡು ಚೀಲವನ್ನೂ ಅವರ ಮಡಿಲಿಗಿಟ್ಟೆ. ಬಯಲಿನ ಕಾಯಿಯನ್ನು ಬೇಗ ಬಿಟ್ಟರು. ನೆಟ್ಟಿನ ಕೆಳಗಿನ ಕಾಯಿಗಳನ್ನು ಒಂದೊಂದಾಗಿ ಹೆಬ್ಬೆರಳಿನಿಂದ ಒತ್ತಿ ನೋಡಿದರು. ಪ್ರತಿಯೊಂದೂ ಪಟ್ ಎಂದು ಒಡೆಯಿತು. ಬಹಳ ಹೊತ್ತು ಜಗಲಿಯಲ್ಲಿ ಅದೊಂದೇ ಸದ್ದು.

"ಯಾಕ ಅಂತ ಕೇಳಿದ್ದಿ," ಎಂದರು ಕೊನೆಗೆ. "ಹ್ವಾದ ವರ್ಷ ನಮ್ಮಾಕಿ ಬಿಸಲಿಗೇ ಹ್ವಾದ್ಲು. ಮೂರು ದಿನ ಮೈ ಹಂಚಿನಂಗ ಸುಡ್ತಿತ್ತು. ಕರೆಂಟ್ ಇರ್ಲಿಲ್ಲ. ಬೀಸಿ ಬೀಸಿ ಕೈ ಸೋತಾಗ ನನ್ನ ಬಾಯಾಗ ಒಂದು ಮಾತು ಬಂತು. ಎಲ್ಲರೆ ಬಾಂಬ್ ಬಿದ್ದು ಈ ಸೂರ್ಯಾಗ ಮುಚ್ಚಲಿ ಅಂದೆ. ತಿಳಿಲಾರದವ ಅಂದ್ರ ಬ್ಯಾರೆ. ನಾ ತಿಳಿದವ. ಹ್ಯಾಂಗ ಮುಚ್ತದ ಗೊತ್ತಿದ್ದೇ ಅಂದೆ."

ಖಾಲಿ ಸಿಪ್ಪೆಗಳನ್ನು ಮಡಿಲಿನಿಂದ ಕೊಡವಲಿಲ್ಲ.

"ಆಕಿನೂ ಕೇಳಿಸಿಕೊಂಡ್ಲು. ಆ ಮಾತಿಗಿ ಎಷ್ಟು ಕಾಳ ಬರ್ತಾವ ಅಂತ ನೋಡಬೇಕಾಗಿತ್ತು. ನೋಡ್ದೆ."

ಮೇ ಒಂಬತ್ತರ ಸಂಜೆ ನಾನು ಕತ್ತಲಲ್ಲಿ ನಿಂತು ಬರೆದ ಲೆಕ್ಕ ಹೇಳಬೇಕೆನಿಸಿತು. ಅದರ ಬದಲು ಚೀಲದ ಬಾಯಿ ಕಟ್ಟಿದೆ. ಆಗ ಅವರೇ ಕೇಳಿದರು.

"ನಿನ್ನ ಅತ್ತಿ ಹ್ಯಾಂಗದಾಳ?"

ನನಗೆ ಗೊತ್ತಿರಲಿಲ್ಲ. ಬೆಳಿಗ್ಗೆ ಹೊರಡುವಾಗ ಅವರು ಎದ್ದಿದ್ದರೋ ಮಲಗಿದ್ದರೋ ಅದೂ ನೆನಪಿಗೆ ಬರಲಿಲ್ಲ. ಕೋಣೆಯ ಡಿಗ್ರಿ ಮಾತ್ರ ನೆನಪಿತ್ತು, ಆ ಕೋಣೆಯಲ್ಲಿ ಅವರು ಇಲ್ಲ.

ಬಸ್ಸಿನಲ್ಲಿ ಬೀದರಿನವರೆಗೆ ನಿಂತೇ ಬಂದೆ. ಸೀಟು ಖಾಲಿ ಇದ್ದವು.

ಜೂನ್ ೧೫, ರವಿವಾರ

ನೆಟ್ಟು ತೆಗೆದೆವು. ಇವರು ತಂತಿ ಕತ್ತರಿಸಿದರು, ನಾನು ಮತ್ತು ಇರಮ ಎಳೆದೆವು. ಮೂರೂ ಪದರ ಒಂದಕ್ಕೊಂದು ಅಂಟಿ ಒಂದೇ ಆಗಿತ್ತು. ಅದು ಜಾರಿ ಬಿದ್ದಾಗ ನೆಲದಿಂದ ಎದ್ದ ಬೆಳಕಿಗೆ ಮೂವರೂ ಕಣ್ಣು ಮುಚ್ಚಿಕೊಂಡೆವು. ಕುಂಡ ಇದ್ದಲ್ಲೆಲ್ಲ ಪಾಚಿ. ಇರಮ ಏನೋ ಹೇಳಿ ನಕ್ಕಳು. ಅವಳು ನಕ್ಕು ಎಷ್ಟು ದಿನವಾಗಿತ್ತೋ.

ಸ್ಲ್ಯಾಬಿಗೆ ಸುಣ್ಣ ಬಳಿಯುವುದು ಎಂದು ಇವರ ಯೋಜನೆ. ಬಿಳಿ ಮಾಳಿಗೆ ಬಿಸಿಲನ್ನು ವಾಪಸು ಕಳಿಸುತ್ತದೆ. ಎಷ್ಟು ಕಡಿಮೆಯಾದೀತು ಎಂದರು. ಎರಡು ಡಿಗ್ರಿ ಎಂದೆ. ನೆಟ್ಟು ಐದು ಕೊಟ್ಟಿತ್ತು ಎಂಬುದನ್ನು ಹೇಳಲಿಲ್ಲ.

ಅಮ್ಮಿಜಾನರಿಗೆ ಸ್ನಾನ ಮಾಡಿಸಿದೆ. ತುಂಬ ಹಗುರಾಗಿದ್ದಾರೆ. ಭುಜದ ಮೇಲೆ ಎರಡು ಬೆವರುಗುಳ್ಳೆ ಮತ್ತೆ ಎದ್ದಿವೆ. ತಲೆ ಒರೆಸುವಾಗ, ಹಿಂದಿನ ಕೋಣೆಯಲ್ಲಿ ಎಷ್ಟು ತಣ್ಣಗಿತ್ತು, ಮತ್ತೆ ಅಲ್ಲಿಗೇ ಹಾಕು, ಅಲ್ಲಿ ಕತ್ತಲಿದ್ದರೂ ಚಿಂತೆಯಿಲ್ಲ ಎಂದರು. ಇಲ್ಲೇ ಇರಿ, ನಾನು ಬೀಸುತ್ತೇನೆ ಎಂದೆ. ನಿದ್ದೆ ಹತ್ತುವವರೆಗೆ ಬೀಸಿದೆ. ಅವರ ಮುಖ ನೋಡುತ್ತಲೇ ಬೀಸಿದೆ. ಎಡಗಣ್ಣಿನ ಕೆಳಗೆ ಒಂದು ಮಚ್ಚೆಯಿದೆ, ಮದುವೆಯಾಗಿ ಬಂದ ಹೊಸದರಲ್ಲಿ ಕಂಡದ್ದು.

ಇವರು ನೆಟ್ಟಿನ ಸುರುಳಿಯನ್ನು ಮೆಟ್ಟಿಲ ಕೆಳಗಿಟ್ಟು ಏನು ಮಾಡಲಿ ಎಂದು ಕೇಳಿದರು. ಇರಲಿ, ಮುಂದಿನ ಬೇಸಿಗೆಗೆ ಬೇಕಾದೀತು ಎಂದೆ. ಸರಿ ಎಂದು ಅಂಗಡಿಗೆ ಹೋದರು.

ಒಳಗೆ ಬಂದು ಡೈರಿ ತೆರೆದು, ಆ ಮಾತನ್ನು ಇಲ್ಲಿ ಬರೆದ ಮೇಲೆ ಅದು ನನ್ನ ಕಿವಿಗೆ ಬಿತ್ತು. ಪೆನ್ನು ಇಟ್ಟು ಎದ್ದೆ. ಆಟೋ ಕರೆದು ಸುರುಳಿಯನ್ನು ನಾನೇ ಹೇರಿಸಿ ನೌಬಾದದ ನರ್ಸರಿಗೆ ಒಯ್ದೆ. ನರ್ಸರಿಯ ಪ್ರವೀಣಕುಮಾರ ಅದನ್ನು ಬಿಡಿಸಿ, ಎತ್ತಿ ಹಿಡಿದು, ತೂತು ಹುಡುಕಿದ. ಒಂದು ಮೂಲೆಯ ಹೊಲಿಗೆ ಬಿಟ್ಟರೆ ಏನೂ ಸಿಗಲಿಲ್ಲ.

"ಹೊಸಾದರಂಗ ಅದರಿ ಅಕ್ಕಾ. ಯಾಕ ಕೊಡ್ಲಾಕತ್ತೀರಿ? ತಂಪ ಮಾಡಲ್ಲೇನು?"

"ಮಾಡ್ತದ," ಎಂದೆ. "ಬಹಳ ಛಲೋ ಮಾಡ್ತದ."

ಅವನು ಇನ್ನೇನೋ ಕೇಳುವವನಿದ್ದ. ನಾನು ಆಟೋದಲ್ಲಿ ಕೂತಾಗಿತ್ತು.